ಘಟ್ಟದ ಮೆಣಸು, ಕಡಲಿನ ಕಾನೂನು

ಬನವಾಸಿಯನ್ನು ಬಳಸಿ ಹರಿಯುವ ವರದಾ ನದಿ ಪಶ್ಚಿಮದ ಕಡಲಿಗೆ ಬೆನ್ನು ಹಾಕಿ ತುಂಗಭದ್ರೆಯನ್ನು ಸೇರುತ್ತದೆ. ಆದರೆ ಆ ಸೀಮೆಯ ಮೆಣಸು ನದಿಯ ಜೊತೆ ಹೋದದ್ದಲ್ಲ. ಶಿರಸಿ, ಸಿದ್ದಾಪುರ, ಯಲ್ಲಾಪುರಗಳ ತೋಟಗಳಲ್ಲಿ ಅಡಿಕೆ ಮರವನ್ನು ತಬ್ಬಿ ಬೆಳೆದ ಬಳ್ಳಿಯ ಫಲ ಎತ್ತಿನ ಬೆನ್ನೇರಿ ಘಟ್ಟ ಇಳಿಯಿತು. ದೇವಿಮನೆ ಘಟ್ಟದ ದಾರಿಯಲ್ಲಿ ಕುಮಟಾ ಮತ್ತು ಮಿರ್ಜಾನಕ್ಕೆ, ಅರಬೈಲ್ ಘಟ್ಟದ ದಾರಿಯಲ್ಲಿ ಅಂಕೋಲೆಗೆ, ಗೇರುಸೊಪ್ಪೆಯ ದಾರಿಯಲ್ಲಿ ಹೊನ್ನಾವರಕ್ಕೆ ಬಂದು, ಅಲ್ಲಿಂದ ಹಡಗೇರಿ ಏಡನ್, ಹುರ್ಮುಝ್, ಜಿದ್ದಾ ಬಂದರುಗಳನ್ನು ತಲುಪಿತು. ಕಡಲನ್ನೇ ಕಾಣದ ಮಲೆನಾಡಿನ ತೋಟಿಗನ ಬದುಕನ್ನು ಕಡಲಿನ ಕಾನೂನು ನಿರ್ಧರಿಸುತ್ತಿತ್ತು. ಹಡಗು ಯಾರದು, ಅದು ಎಲ್ಲಿಗೆ ಹೋಗಬಹುದು, ಒಡೆದರೆ ಸರಕು ಯಾರ ಪಾಲು, ಸುಂಕ ಎಷ್ಟು ಎಂಬ ಪ್ರಶ್ನೆಗಳಿಗೆ ದೂರದಲ್ಲಿ ಯಾರೋ ಕೊಟ್ಟ ಉತ್ತರವೇ ಅವನ ಮೆಣಸಿನ ಬೆಲೆಯಾಗುತ್ತಿತ್ತು.

ಅಂತಾರಾಷ್ಟ್ರೀಯ ನೌಕಾ ಕಾನೂನಿನ ಚರಿತ್ರೆಯನ್ನು ಸಾಮಾನ್ಯವಾಗಿ ರೋಡ್ಸ್ ದ್ವೀಪದಿಂದ ಆರಂಭಿಸಿ, ಬಾರ್ಸಿಲೋನಾ ಮತ್ತು ಆಮ್‌ಸ್ಟರ್‌ಡ್ಯಾಮ್‌ಗಳ ಮೂಲಕ ಲಂಡನ್ನಿಗೆ ತಂದು ನಿಲ್ಲಿಸುವುದು ವಾಡಿಕೆ. ಆ ಕಥನದಲ್ಲಿ ನಮ್ಮ ಕರಾವಳಿ ಕೇವಲ ಸರಕು ಸಿಗುವ ತಾಣ. ಇಲ್ಲಿಯೂ ನಿಯಮಗಳಿದ್ದವು, ಅವುಗಳನ್ನು ಬರೆದಿಟ್ಟವರೂ ಇದ್ದರು ಎಂಬುದು ಆ ಪುಸ್ತಕಗಳ ಅಂಚಿನಲ್ಲೂ ಕಾಣುವುದಿಲ್ಲ. ಆದ್ದರಿಂದ ಈ ಲೇಖನ ಬನವಾಸಿಯಿಂದಲೇ ಹೊರಡಲಿ.

ಬನವಾಸಿಯ ಕದಂಬರ ಮೂಲ ರಾಜ್ಯ ಆರನೆಯ ಶತಮಾನದಲ್ಲಿ ಅಸ್ತಮಿಸಿದರೂ ಆ ಹೆಸರಿನ ಗೌರವ ಉಳಿಯಿತು. ಹಾನಗಲ್ಲಿನಲ್ಲಿ ಮತ್ತು ಗೋವೆಯಲ್ಲಿ ಆಳಿದ ನಂತರದ ಕದಂಬರು ತಮ್ಮನ್ನು ಬನವಾಸಿ ಪುರವರಾಧೀಶ್ವರರೆಂದೇ ಕರೆದುಕೊಂಡರು. ಗೋವೆಯ ಶಾಖೆ ಕಡಲನ್ನು ಚೆನ್ನಾಗಿ ಬಲ್ಲದ್ದು. ಆ ವಂಶದ ಅರಸನೊಬ್ಬ ಸೋಮನಾಥ ಯಾತ್ರೆಗೆ ಹಡಗಿನಲ್ಲಿ ಹೊರಟಾಗ ಕೂವೆಮರ ಮುರಿದು ಅಪಾಯಕ್ಕೆ ಸಿಲುಕಿದ ಪ್ರಸಂಗ ಶಾಸನದಲ್ಲಿದೆ. ಆಗ ಅವನಿಗೆ ನೆರವಾದವನು ಮಧುಮದನೆಂಬ ಶ್ರೀಮಂತ ವರ್ತಕ. ಸಂಸ್ಕೃತ ಶಾಸನದ ಲಿಪಿಕಾರನ ಕೈಯಲ್ಲಿ ಮಧುಮದನಾದ ಈತ ಮುಹಮ್ಮದ್. ಈತನ ತಂದೆ ಅಲಿಯಮ, ಅಂದರೆ ಅಲಿ. ಇವರನ್ನು ಶಾಸನಗಳು ತಾಜಿಕರೆನ್ನುತ್ತವೆ. ಅರಬ್ ಮೂಲದವರಿಗೆ ಆಗಿನ ಹೆಸರು ಅದು.

ಈ ಮುಹಮ್ಮದನ ಮಗ ಛಡಮ ಒಂದನೆಯ ಜಯಕೇಶಿಯ ಆಡಳಿತದಲ್ಲಿ ಉನ್ನತ ಅಧಿಕಾರಿಯಾದನು. 1053ರ ತಾಮ್ರಶಾಸನವೊಂದು ಅವನು ಗೋವೆಯಲ್ಲಿ ನಿರ್ಮಿಸಿದ ಮಿಜಿಗಿತಿಯ ಬಗ್ಗೆ ಹೇಳುತ್ತದೆ. ಮಿಜಿಗಿತಿ ಎಂದರೆ ಮಸ್ಜಿದ್. ಅದರ ನಿರ್ವಹಣೆಗೂ ಬಡವರ ಮತ್ತು ಯಾತ್ರಿಕರ ಆಶ್ರಯಕ್ಕೂ ಬೇಕಾದ ವೆಚ್ಚವನ್ನು ನಾನಾ ದೇಶಗಳಿಂದ ಬಂದರಿಗೆ ಬರುವ ನೌಕೆಗಳಿಂದ ಸಂಗ್ರಹಿಸಲು ಅರಸನು ಅನುಮತಿ ನೀಡಿದನು. ಯಾವ ಬಂದರಿನಿಂದ ಬಂದ ಹಡಗಿಗೆ ಎಷ್ಟು ಎಂಬುದು ಲಿಖಿತವಾಗಿ ನಿಗದಿಯಾಯಿತು. ಇದನ್ನು ಸೌಹಾರ್ದದ ಉದಾಹರಣೆಯೆಂದು ನಮ್ಮ ವೇದಿಕೆಗಳಲ್ಲಿ ಹಲವು ಬಾರಿ ಹೇಳಲಾಗಿದೆ. ಅದು ತಪ್ಪಲ್ಲ. ಆದರೆ ಕಾನೂನಿನ ಇತಿಹಾಸಕ್ಕೆ ಅದರ ಬೆಲೆ ಬೇರೆ. ಬಂದರಿನ ಶುಲ್ಕವನ್ನು ಅಧಿಕಾರಿಯ ಮರ್ಜಿಗೆ ಬಿಡದೆ ಮೊದಲೇ ಬರೆದು ಪ್ರಕಟಿಸಿದರೆ ಪರದೇಶದ ನಾಖುದಾ ಹೊರಡುವ ಮುನ್ನವೇ ತನ್ನ ಲೆಕ್ಕ ಹಾಕಬಲ್ಲನು. ಯುರೋಪಿನ ಭಾಷೆಗಳಲ್ಲಿ ಇಂದಿಗೂ ಸುಂಕದ ಪಟ್ಟಿಗೆ ಬಳಸುವ ‘ಟಾರಿಫ್’ ಎಂಬ ಪದ ಅರಬಿಯ ‘ತಅರೀಫ್’ನಿಂದ ಬಂದದ್ದು. ತಿಳಿಯಪಡಿಸುವುದು ಎಂಬುದೇ ಅದರ ಅರ್ಥ.

ಇದಕ್ಕಿಂತ ಒಂದು ಶತಮಾನ ಹಿಂದೆಯೇ ಮಾನ್ಯಖೇಟದ ರಾಷ್ಟ್ರಕೂಟರು ಇಂಥದೇ ವ್ಯವಸ್ಥೆಯನ್ನು ಮಾಡಿದ್ದರು. ಎರಡನೆಯ ಕೃಷ್ಣನು ಉತ್ತರ ಕೊಂಕಣದ ಸಂಜಾಣ ಬಂದರಿನ ಆಡಳಿತವನ್ನು ಮುಹಮ್ಮದನೆಂಬ ತಾಜಿಕನಿಗೆ ಒಪ್ಪಿಸಿದ್ದನು. ಮೂರನೆಯ ಇಂದ್ರನ ಕಾಲದ 926ರ ಚಿಂಚಣಿ ತಾಮ್ರಪಟದ ಪ್ರಕಾರ ಆತ ಎರಡು ಹೊಳೆಗಳಲ್ಲಿ ಜನರಿಗೆ ಉಚಿತ ದೋಣಿಯ ವ್ಯವಸ್ಥೆ ಮಾಡಿದನು ಮತ್ತು ಅನ್ನ, ಪಲ್ಯ, ತುಪ್ಪ ಬಡಿಸುವ ಸತ್ರವೊಂದನ್ನು ತೆರೆದನು. ಕನ್ನಡದ ಅರಸರು ಬಂದರನ್ನು ಬಂದರು ಬಲ್ಲವರ ಕೈಗೆ ಕೊಟ್ಟರು ಎಂದಷ್ಟೇ ಹೇಳಿ ಮುಂದೆ ಹೋಗೋಣ.

ಏಕೆಂದರೆ ಆ ಕಾಲದ ನಿಜವಾದ ಪರೀಕ್ಷೆ ಸುಂಕದ್ದಾಗಿರಲಿಲ್ಲ, ಒಡೆದ ಹಡಗಿನದಾಗಿತ್ತು.

ಬಿರುಗಾಳಿಗೆ ಸಿಕ್ಕಿ ಒಂದು ಹಡಗು ಪರರ ತೀರಕ್ಕೆ ಬಂದು ಬಿದ್ದಿತೆಂದು ಭಾವಿಸಿ. ಅದರೊಳಗಿನ ಸರಕು ಯಾರದು? ಜಗತ್ತಿನ ಬಹುಪಾಲು ತೀರಗಳಲ್ಲಿ ಉತ್ತರ ಒಂದೇ ಆಗಿತ್ತು: ತೀರದ ಒಡೆಯನದು. ಹದಿಮೂರನೆಯ ಶತಮಾನದ ಕೊನೆಯಲ್ಲಿ ನಮ್ಮ ಕರಾವಳಿಯ ದಕ್ಷಿಣದ ಏಳಿಮಲೆಯ ಕುರಿತು ಬರೆದ ಮಾರ್ಕೊ ಪೋಲೊ, ಬೇರೆಡೆಗೆ ಹೊರಟ ಹಡಗು ಇಲ್ಲಿಗೆ ಬಂದರೆ ದೇವರೇ ಅದನ್ನು ನಮಗೆ ಕಳುಹಿಸಿದನೆಂದು ಹೇಳಿ ಜನರು ಸರಕನ್ನೆಲ್ಲ ಎಳೆದುಕೊಳ್ಳುತ್ತಾರೆ ಎಂದು ದಾಖಲಿಸಿದ್ದಾನೆ. ಅನ್ಯಾಯಕ್ಕೆ ದೇವರ ಹೆಸರನ್ನು ಅಂಟಿಸುವ ಈ ಚಾಳಿ ಒಂದು ಧರ್ಮದ್ದೂ ಅಲ್ಲ, ಒಂದು ಕಾಲದ್ದೂ ಅಲ್ಲ. ಯುರೋಪಿನ ತೀರಗಳಲ್ಲಿಯೂ ಇದೇ ನಡೆಯುತ್ತಿತ್ತು. 1179ರಲ್ಲಿ ರೋಮಿನ ಲ್ಯಾಟರನ್ ಸಭೆ ಒಡೆದ ಹಡಗಿನವರನ್ನು ದೋಚುವವರಿಗೆ ಬಹಿಷ್ಕಾರ ವಿಧಿಸಬೇಕಾಯಿತು. ಇಂಗ್ಲೆಂಡಿನಲ್ಲಿ 1275ರ ಕಾನೂನೊಂದು, ಹಡಗಿನಿಂದ ಒಬ್ಬ ಮನುಷ್ಯ, ಒಂದು ನಾಯಿ ಅಥವಾ ಒಂದು ಬೆಕ್ಕು ಜೀವಂತವಾಗಿ ಪಾರಾಗಿದ್ದರೂ ಅದನ್ನು ಒಡೆದ ಹಡಗೆಂದು ಪರಿಗಣಿಸಬಾರದು, ಒಂದು ವರ್ಷ ಒಂದು ದಿನದೊಳಗೆ ಬಂದ ಮಾಲೀಕನಿಗೆ ಸರಕನ್ನು ಹಿಂದಿರುಗಿಸಬೇಕು ಎಂದಿತು. ಬೆಕ್ಕಿನ ಪ್ರಾಣದ ಮೇಲೆ ವರ್ತಕನ ಆಸ್ತಿ ನಿಂತಿತ್ತು!

ಅದೇ ಶತಮಾನದಲ್ಲಿ, ಇಂಗ್ಲೆಂಡಿನ ಆ ಕಾನೂನಿಗಿಂತ ಸುಮಾರು 30 ವರ್ಷ ಮೊದಲು, ತೆಲುಗು ನಾಡಿನ ಮೋಟುಪಲ್ಲಿ ಬಂದರಿನಲ್ಲಿ ಕಾಕತೀಯ ಗಣಪತಿದೇವನು ಅಭಯ ಶಾಸನವನ್ನು ಹಾಕಿಸಿದನು. ಹಿಂದಿನ ಅರಸರು ಬಿರುಗಾಳಿಗೆ ಸಿಕ್ಕಿ ಬಂದ ಹಡಗುಗಳ ಸರಕನ್ನೆಲ್ಲ ಬಲವಂತದಿಂದ ಕಿತ್ತುಕೊಳ್ಳುತ್ತಿದ್ದರು, ನಾವು ನಿಗದಿತ ಸುಂಕವನ್ನಷ್ಟೇ ತೆಗೆದುಕೊಳ್ಳುತ್ತೇವೆ ಎಂಬುದು ಅದರ ಸಾರ. ಪ್ರಾಣಕ್ಕಿಂತಲೂ ಹಣವನ್ನು ಪ್ರೀತಿಸಿ ಕಡಲಿಗಿಳಿಯುವ ವರ್ತಕರ ಸಾಹಸದ ಬಗ್ಗೆ ಅಲ್ಲಿ ಕನಿಕರದ ಮಾತೂ ಇದೆ.

ಸುಮಾರು ನೂರು ವರ್ಷಗಳ ಬಳಿಕ, 1340ರ ದಶಕದಲ್ಲಿ, ಇಬ್ನ್ ಬತೂತಾ ಕಲ್ಲಿಕೋಟೆಯ ತೀರದಲ್ಲಿ ಇದರ ಇನ್ನೊಂದು ರೂಪವನ್ನು ಕಣ್ಣಾರೆ ಕಂಡರು. ಚೀನಾಕ್ಕೆ ಹೊರಟಿದ್ದ ಹಡಗು ಒಡೆದು ಸರಕು ದಡಕ್ಕೆ ತೇಲಿ ಬಂದಾಗ, ದೋಚಲು ಧಾವಿಸಿದ ಜನರನ್ನು ಸಾಮೂದಿರಿಯ ಅಧಿಕಾರಿಗಳು ಹೊಡೆದು ಓಡಿಸುತ್ತಿದ್ದರು. ಮಲಬಾರಿನ ಉಳಿದೆಡೆ ಇಂತಹ ಸರಕು ಬೊಕ್ಕಸಕ್ಕೆ ಸೇರುತ್ತದೆ, ಈ ನಾಡಿನಲ್ಲಿ ಮಾತ್ರ ಅದು ಮಾಲೀಕರಿಗೇ ಉಳಿಯುತ್ತದೆ, ಆದ್ದರಿಂದಲೇ ಈ ಬಂದರು ಸಮೃದ್ಧವಾಗಿದೆ ಎಂದು ಅವರು ಬರೆದರು. ಮತ್ತೆ ನೂರು ವರ್ಷಗಳ ಅನಂತರ ಬಂದ ಪರ್ಷಿಯಾದ ರಾಯಭಾರಿ ಅಬ್ದುರ್ರಝಾಖ್ ಸಮರ್ಕಂದಿ ಕಲ್ಲಿಕೋಟೆಯ ಬಗ್ಗೆ ಇದೇ ಅಭಿಪ್ರಾಯವನ್ನು ದೃಢಪಡಿಸಿದರು. ವರ್ತಕರು ಸರಕನ್ನು ಇಳಿಸಿ ಎಷ್ಟು ದಿನ ಬೇಕಾದರೂ ನಿಶ್ಚಿಂತೆಯಿಂದ ಬಿಟ್ಟಿರಬಹುದಿತ್ತು. ಸುಂಕದ ಅಧಿಕಾರಿಗಳೇ ಹಗಲಿರುಳು ಕಾವಲು ಕಾಯುತ್ತಿದ್ದರು. ಮಾರಾಟವಾದರೆ ನಲವತ್ತರಲ್ಲಿ ಒಂದು ಭಾಗ ಸುಂಕ, ಮಾರಾಟವಾಗದಿದ್ದರೆ ಏನೂ ಇಲ್ಲ. ನಲವತ್ತರಲ್ಲಿ ಒಂದು ಎಂಬ ಅಳತೆ ನಮ್ಮ ಓದುಗರಿಗೆ ಝಕಾತಿನ ಪ್ರಮಾಣವಾಗಿ ಪರಿಚಿತ. ಸುಂಕ ಬೇರೆ, ಝಕಾತ್ ಬೇರೆ; ಇಲ್ಲಿಯ ಹೋಲಿಕೆ ಆಕಸ್ಮಿಕವಿರಬಹುದು. ಆದರೂ ಆ ಅಂಕಿಯನ್ನು ಕೇಳಿದ ಮುಸ್ಲಿಮ್ ವರ್ತಕನ ಮನಸ್ಸಿಗೆ ಅದು ಹೊರೆಯೆನಿಸಿರಲಾರದು. ಇದೇ ಅಬ್ದುರ್ರಝಾಖ್ ಬಳಿಕ ವಿಜಯನಗರಕ್ಕೆ ಹೋಗಿ, ಹಿಂದಿರುಗುವಾಗ 1444ರ ಆರಂಭದಲ್ಲಿ ಹೊನ್ನಾವರದಿಂದ ಹಡಗೇರಿದರು.

ಅರಸರ ಅಭಯ ಹೀಗಾದರೆ, ವರ್ತಕರ ನಡುವಣ ವ್ಯಾಜ್ಯಗಳಿಗೆ ಏನು ದಾರಿ? ಇಲ್ಲಿ ಫಿಕ್ಹ್‌ನ ಪಾತ್ರ ಬರುತ್ತದೆ. ಹಿಜರಿ 310ರಲ್ಲಿ, ಅಂದರೆ ಹತ್ತನೆಯ ಶತಮಾನದ ಆರಂಭದಲ್ಲಿ, ನಿಧನರಾದ ಅಂದಲೂಸಿ ಮೂಲದ ವಿದ್ವಾಂಸ ಮುಹಮ್ಮದ್ ಬಿನ್ ಉಮರ್ ಅಲ್ ಕಿನಾನಿಯವರ ‘ಕಿತಾಬು ಅಕ್ರಿಯತಿಸ್ಸುಫುನ್’ ಹಡಗುಗಳ ಬಾಡಿಗೆಯ ಕುರಿತೇ ಇರುವ ಗ್ರಂಥ. ಹಡಗು ನಡುದಾರಿಯಲ್ಲಿ ಮುಳುಗಿದರೆ ಬಾಡಿಗೆ ಕೊಡಬೇಕೇ? ಇಮಾಮ್ ಮಾಲಿಕ್‌ರ ಮಾರ್ಗದಲ್ಲಿ, ಗುರಿ ಮುಟ್ಟಿದ ಮೇಲೆಯೇ ಬಾಡಿಗೆಯ ಹಕ್ಕು ಹುಟ್ಟುತ್ತದೆ. ಸರಕು ಕಳೆದುಕೊಂಡವನಿಂದ ಬಾಡಿಗೆಯನ್ನೂ ವಸೂಲು ಮಾಡುವಂತಿಲ್ಲ.

ಇನ್ನೂ ಸೂಕ್ಷ್ಮವಾದುದು ಸರಕನ್ನು ನೀರಿಗೆಸೆಯುವ ಪ್ರಶ್ನೆ. ಬಿರುಗಾಳಿಯಲ್ಲಿ ಹಡಗನ್ನು ಹಗುರಗೊಳಿಸಲು ಒಬ್ಬನ ಮೂಟೆಗಳನ್ನು ಎಸೆದರೆ ಉಳಿದವರೆಲ್ಲರ ಪ್ರಾಣ ಮತ್ತು ಮಾಲು ಉಳಿಯುತ್ತದೆ. ನಷ್ಟ ಎಸೆಯಲ್ಪಟ್ಟವನೊಬ್ಬನದೇ? ರೋಡ್ಸಿನ ಹಳೆಯ ನಿಯಮ ಅದನ್ನು ಎಲ್ಲರಿಗೂ ಹಂಚಿತು. ಮಾಲಿಕೀ ವಿದ್ವಾಂಸರೂ ಸರಕಿನ ಬೆಲೆಗೆ ತಕ್ಕಂತೆ ಹಂಚಬೇಕೆಂದರು. ಹನಫೀ ಗ್ರಂಥಗಳಲ್ಲಿ, ಪ್ರಾಣ ಉಳಿಸಲೆಂದು ಪ್ರಯಾಣಿಕರು ಒಪ್ಪಿ ಎಸೆದಿದ್ದರೆ ತಲೆಯೆಣಿಕೆಯ ಮೇಲೆ ಹಂಚಬೇಕೆಂಬ ಅಭಿಪ್ರಾಯವಿದೆ. ಉಳಿದದ್ದು ಪ್ರಾಣವಾದ್ದರಿಂದ, ಪ್ರಾಣದಲ್ಲಿ ಶ್ರೀಮಂತ ಬಡವನೆಂಬ ಭೇದವಿಲ್ಲವಲ್ಲ! ನಮ್ಮ ಕರಾವಳಿಯ ನವಾಯತರು ಅನುಸರಿಸುವ ಶಾಫಿಈ ಮಾರ್ಗ ಇಲ್ಲಿ ಬೇರೊಂದು ದಾರಿ ಹಿಡಿಯಿತು. ಇಮಾಮ್ ನವವಿಯವರ ‘ಮಿನ್‌ಹಾಜ್’ನಂತೆ, ಪ್ರಯಾಣಿಕರ ಪ್ರಾಣ ಉಳಿಯುವ ಭರವಸೆಯಿದ್ದರೆ ಸರಕನ್ನು ಎಸೆಯುವುದು ಕಡ್ಡಾಯ. ಆದರೆ ಪರರ ಸರಕನ್ನು ಅನುಮತಿಯಿಲ್ಲದೆ ಎಸೆದವನು ಅದರ ಬೆಲೆ ತೆರಬೇಕು. ‘ನೀನು ಎಸೆ, ನಾನು ಹೊಣೆ’ ಎಂದು ಹೇಳಿದವನು ಆ ಮಾತಿಗೆ ಬದ್ಧನು. ಇದು ಮೂಲೆಗೆ ಬಿದ್ದ ಹಳೆಯ ಚರ್ಚೆಯೆಂದು ತಿಳಿಯಬಾರದು. 2021ರಲ್ಲಿ ಸುಯೆಝ್ ಕಾಲುವೆಗೆ ಅಡ್ಡಲಾಗಿ ಸಿಕ್ಕಿಬಿದ್ದ ‘ಎವರ್ ಗಿವನ್’ ಹಡಗಿನ ಮಾಲೀಕರು ಬಿಡುಗಡೆಯ ವೆಚ್ಚವನ್ನು ಸರಕಿನ ಎಲ್ಲ ಒಡೆಯರ ಮೇಲೆ ಹಂಚಲು ಇದೇ ಹಂಚಿಕೆಯ ತತ್ವವನ್ನು ಮುಂದಿಟ್ಟರು.

ಪುಸ್ತಕದ ನಿಯಮ ಬದುಕಿನಲ್ಲಿ ಹೇಗೆ ನಡೆಯುತ್ತಿತ್ತೆಂಬುದನ್ನು ಕೈರೋದ ಗೆನೀಝಾ ಕಾಗದಗಳು ತೋರಿಸುತ್ತವೆ. 1132ರಿಂದ 1149ರವರೆಗೆ ಬಹುಕಾಲ ಮಂಗಳೂರಿನಲ್ಲಿದ್ದ ಯಹೂದಿ ವರ್ತಕ ಅಬ್ರಹಾಂ ಬೆನ್ ಯಿಜು ಏಡನ್ನಿನ ಪಾಲುದಾರರಿಗೆ ಮೆಣಸು, ಕಬ್ಬಿಣ ಕಳುಹಿಸುತ್ತಿದ್ದನು. ಬಾಬುಲ್ ಮಂದಬ್ ಬಳಿ ಒಂದು ಹಡಗು ಮುಳುಗಿದಾಗ ಏಡನ್ನಿನಿಂದ ಮುಳುಗುಗಾರರನ್ನು ಕರೆಸಿ ಸುಮಾರು ಅರ್ಧದಷ್ಟು ಕಬ್ಬಿಣವನ್ನು ಮೇಲೆತ್ತಲಾಯಿತು, ಮೆಣಸು ಸಂಪೂರ್ಣ ನಷ್ಟವಾಯಿತು ಎಂದು ಅವನಿಗೆ ಪತ್ರ ಬಂದಿತು. ಆ ವರ್ತಕರು ತಮ್ಮ ಸರಕನ್ನು ಒಂದೇ ಹಡಗಿಗೆ ತುಂಬದೆ ಹಲವು ಹಡಗುಗಳಿಗೆ ಹಂಚುತ್ತಿದ್ದುದಕ್ಕೆ ಇದೇ ಕಾರಣ. ಅಂದಿನ ವಿಮೆ ಅದುವೇ. ಅರಬಿ ಭಾಷೆಯನ್ನು ಹೀಬ್ರೂ ಲಿಪಿಯಲ್ಲಿ ಬರೆದ ಯಹೂದಿ, ಮುಸ್ಲಿಮ್ ನಾಖುದಾ, ತುಳುನಾಡಿನ ವರ್ತಕ, ಇವರೆಲ್ಲರನ್ನೂ ಕಟ್ಟಿಹಾಕಿದ್ದು ಸೈನ್ಯವಲ್ಲ, ಲೆಕ್ಕದ ಪುಸ್ತಕ ಮತ್ತು ಮಾತು.

ಈ ಲೋಕದ ಉತ್ಕರ್ಷವನ್ನು ಉತ್ತರ ಕನ್ನಡದಲ್ಲಿ ನೋಡಬೇಕಾದರೆ ಇಬ್ನ್ ಬತೂತಾರ ಹೊನ್ನಾವರಕ್ಕೆ ಹೋಗಬೇಕು. ಅವರು ಅದನ್ನು ಹಿನೌರ್ ಎನ್ನುತ್ತಾರೆ. ಅಲ್ಲಿ ಜಮಾಲುದ್ದೀನ್ ಮುಹಮ್ಮದ್ ಎಂಬ ಸುಲ್ತಾನನಿದ್ದನು. ಆತ ಹರಿಯಬ್ ಎಂಬ ಅರಸನ ಅಧೀನನಾಗಿದ್ದನು. ಈ ಹೆಸರನ್ನು ವಿದ್ವಾಂಸರು ವಿಜಯನಗರದ ಹರಿಹರನೆಂದು ಗುರುತಿಸುತ್ತಾರೆ. ಊರಿನವರು ಶಾಫಿಈಗಳು, ಕಡಲ ವ್ಯಾಪಾರವೇ ಅವರ ಜೀವನೋಪಾಯ. ಹೆಣ್ಣುಮಕ್ಕಳಿಗೆ 13, ಗಂಡುಮಕ್ಕಳಿಗೆ 23 ಮದ್ರಸಗಳಿದ್ದವು, ಸ್ತ್ರೀಯರು ಕುರ್‌ಆನನ್ನು ಕಂಠಪಾಠ ಮಾಡಿದ್ದರು. ಈ ಭಾಗವನ್ನು ನಾವೆಲ್ಲರೂ ಹೆಮ್ಮೆಯಿಂದ ಉಲ್ಲೇಖಿಸುತ್ತೇವೆ. ಆದರೆ ಅದರ ಪಕ್ಕದಲ್ಲಿಯೇ ಇರುವ ಮಾತನ್ನು ಬಿಟ್ಟುಬಿಡುತ್ತೇವೆ: ಈ ಸುಲ್ತಾನನ ನೌಕಾಬಲಕ್ಕೆ ಅಂಜಿ ಮಲಬಾರಿನವರು ಅವನಿಗೆ ಪ್ರತಿವರ್ಷ ನಿಶ್ಚಿತ ಮೊತ್ತವನ್ನು ಸಲ್ಲಿಸುತ್ತಿದ್ದರು. ಬಳಿಕ ಆತ 52 ಹಡಗುಗಳೊಂದಿಗೆ ಗೋವೆಯ ಮೇಲೆ ದಂಡೆತ್ತಿ ಹೋದನು, ಇಬ್ನ್ ಬತೂತಾ ಸ್ವತಃ ಅವನ ಜೊತೆಗಿದ್ದರು. ಪೋರ್ಚುಗೀಸರು ಬರುವ ಮುನ್ನ ಹಿಂದೂ ಮಹಾಸಾಗರ ಸಂಪೂರ್ಣ ಶಾಂತವಾಗಿತ್ತು ಎಂಬುದು ಪ್ರಿಯವಾದ ಕಲ್ಪನೆ ಮಾತ್ರ. ಕಡಲ್ಗಳ್ಳರಿದ್ದರು, ರಕ್ಷಣೆಯ ಹೆಸರಿನ ವಸೂಲಿಯಿತ್ತು. ಅಭಯ ಮುರಿದ ಪ್ರಸಂಗಗಳೂ ಇದ್ದವು. ಭಟ್ಕಳದ ಮುಸ್ಲಿಮ್ ವರ್ತಕರು ಬಹಮನಿ ರಾಜ್ಯಕ್ಕೆ ಕುದುರೆ ಮಾರಿದರೆಂಬ ಕೋಪದಿಂದ ವಿಜಯನಗರದ ಆಜ್ಞೆಯಂತೆ 1479ರ ಸುಮಾರಿಗೆ ಅಲ್ಲಿ ಹತ್ಯಾಕಾಂಡ ನಡೆಯಿತು, ಬದುಕುಳಿದವರು ಗೋವೆಗೆ ಓಡಿಹೋದರು ಎಂದು ಪೋರ್ಚುಗೀಸ್ ಬರಹಗಾರರು ತಿಳಿಸುತ್ತಾರೆ. ಕುದುರೆ ಅಂದಿನ ಯುದ್ಧ ಸಾಮಗ್ರಿ. ಶತ್ರುವಿಗೆ ಯುದ್ಧ ಸಾಮಗ್ರಿ ಮಾರುವ ತಟಸ್ಥ ವರ್ತಕನಿಗೆ ಏನು ರಕ್ಷಣೆ ಎಂಬ ಪ್ರಶ್ನೆಗೆ ಅಂದು ಭಟ್ಕಳದಲ್ಲಿ ಕತ್ತಿ ಉತ್ತರ ಕೊಟ್ಟಿತು.

ಆದರೆ ಯಾವ ಅರಸನೂ ಆವರೆಗೆ ಕಡಲೇ ತನ್ನದೆಂದು ಹೇಳಿರಲಿಲ್ಲ. ಬಂದರು ಅವನದು, ತೀರ ಅವನದು, ನೀರಿನ ದಾರಿ ಎಲ್ಲರದು. ಈ ತಿಳಿವಳಿಕೆಯನ್ನು ಮುರಿದವರು 1498ರಲ್ಲಿ ಬಂದ ಪೋರ್ಚುಗೀಸರು. ಎರಡನೆಯ ಬಾರಿ ಬಂದ ವಾಸ್ಕೊ ಡ ಗಾಮಾ 1502ರಲ್ಲಿ ಹೊನ್ನಾವರ, ಭಟ್ಕಳಗಳ ಮೇಲೆ ದಾಳಿ ಮಾಡಿದನು. ಭಟ್ಕಳದವರು ಮೆಣಸಿನ ವ್ಯಾಪಾರ ಮಾಡಬಾರದು, ತುರ್ಕರನ್ನು ಸೇರಿಸಬಾರದು, ಕಲ್ಲಿಕೋಟೆಗೆ ಹೋಗಬಾರದು, ಅಕ್ಕಿಯನ್ನು ಕಪ್ಪವಾಗಿ ಕೊಡಬೇಕು ಎಂಬ ಷರತ್ತುಗಳನ್ನು ಹೇರಿದನೆಂದು ಚರಿತ್ರೆಕಾರ ಗಾಸ್ಪರ್ ಕೊರೆಯಾ ಬರೆಯುತ್ತಾನೆ. ಅದೇ ಯಾನದಲ್ಲಿ, ಮಕ್ಕಾದಿಂದ ಹಿಂದಿರುಗುತ್ತಿದ್ದ ಯಾತ್ರಿಕರ ‘ಮೀರಿ’ ಹಡಗನ್ನು ಹೆಂಗಸರು ಮಕ್ಕಳ ಸಮೇತ ಸುಡಲಾಯಿತು.

ಬಳಿಕ ಬಂದದ್ದು ‘ಕರ್ತಾಸ್’ ಪದ್ಧತಿ. ಪದ ಅರಬಿಯ ‘ಕಿರ್ತಾಸ್’ನಿಂದ ಬಂದದ್ದೆನ್ನುತ್ತಾರೆ, ಅಂದರೆ ಕಾಗದ. ಹಡಗಿನ ಹೆಸರು, ಗಾತ್ರ, ನಾಖುದಾ ಯಾರು, ಎಲ್ಲಿಂದ ಎಲ್ಲಿಗೆ, ಆಯುಧಗಳೆಷ್ಟು ಎಂಬುದೆಲ್ಲ ಅದರಲ್ಲಿರಬೇಕು. ಮೆಣಸು, ಕುದುರೆ, ಯುದ್ಧ ಸಾಮಗ್ರಿ ಸಾಗಿಸುವಂತಿಲ್ಲ. ಗೋವೆಯಂಥ ಅವರ ಕೋಟೆಗೆ ಹೋಗಿ ಸುಂಕ ಕಟ್ಟಬೇಕು. ಕಾಗದದ ಶುಲ್ಕ ಅಲ್ಪ, ಆದರೆ ಆ ಕಡ್ಡಾಯ ಸುಂಕವೇ ಅದರ ನಿಜವಾದ ಬೆಲೆ. ಕರ್ತಾಸ್ ಇಲ್ಲದ ಹಡಗು ಸಿಕ್ಕರೆ ಜಪ್ತಿ. ತನ್ನದೇ ತೀರದಿಂದ ತನ್ನದೇ ಸರಕಿನೊಂದಿಗೆ ಹೊರಟ ಭಟ್ಕಳದ ವರ್ತಕನು ಲಿಸ್ಬನ್ನಿನ ಅರಸನ ಕಾಗದವಿಲ್ಲದಿದ್ದರೆ ಕಳ್ಳನಾದನು.

ಇದಕ್ಕೆ ಅವರು ಕೊಟ್ಟ ಸಮರ್ಥನೆ ಗಮನಾರ್ಹ. ಕಡಲು ಎಲ್ಲರಿಗೂ ಸಾಮಾನ್ಯವೆಂಬ ರೋಮನ್ ನಿಯಮವನ್ನು ಚರಿತ್ರೆಕಾರ ಜೊವಾವ್ ದ ಬಾರೋಸ್ ಅಲ್ಲಗಳೆಯಲಿಲ್ಲ. ಆ ನಿಯಮ ಯುರೋಪಿನ ಕ್ರೈಸ್ತರ ನಡುವೆ ಅನ್ವಯವಾಗುತ್ತದೆ, ಮುಸ್ಲಿಮರೂ ವಿಗ್ರಹಾರಾಧಕರೂ ಅದರ ಹೊರಗಿನವರು ಎಂದನು. ಕಾನೂನು ಒಳ್ಳೆಯದೇ, ನೀನು ಮಾತ್ರ ಅದರ ವ್ಯಾಪ್ತಿಯಲ್ಲಿಲ್ಲ ಎಂಬ ಈ ತರ್ಕ 1500ರ ದಶಕದೊಂದಿಗೆ ಕೊನೆಗೊಂಡಿತೇ ಎಂದು ಓದುಗರೇ ಯೋಚಿಸಲಿ.

ಉತ್ತರ ಕನ್ನಡದ ಬಂದರುಗಳು ಇದರಲ್ಲಿ ಹೇಗೆ ಸಿಲುಕಿದವೆಂಬುದನ್ನು ಎರಡು ಘಟನೆಗಳು ತಿಳಿಸುತ್ತವೆ. 1542ರಲ್ಲಿ ಗವರ್ನರ್ ಮಾರ್ಟಿಂ ಅಫೊನ್ಸೊ ದ ಸೋಜಾ ಭಟ್ಕಳವನ್ನು ಸೂರೆಗೈದನು. 1547ರಲ್ಲಿ ವಿಜಯನಗರದ ಸದಾಶಿವರಾಯನ ಆಡಳಿತವು ಪೋರ್ಚುಗೀಸರೊಡನೆ ಒಪ್ಪಂದ ಮಾಡಿಕೊಂಡಿತು. ರಾಜ್ಯದ ಬಟ್ಟೆ ಬಿಜಾಪುರದ ಬಂದರುಗಳಿಗೆ ಹೋಗದೆ ಅಂಕೋಲಾ ಮತ್ತು ಹೊನ್ನಾವರಕ್ಕೆ ಬರಬೇಕು, ಅಲ್ಲಿ ಪೋರ್ಚುಗೀಸರು ತಾಮ್ರ, ಹವಳ, ಪಾದರಸ, ಚೀನಾದ ರೇಷ್ಮೆ ಕೊಟ್ಟು ಅದನ್ನು ಕೊಳ್ಳುವರು. ಮುಸ್ಲಿಮರ ಹಡಗುಗಳಿಗೆ ವಿಜಯನಗರದ ಬಂದರುಗಳಲ್ಲಿ ತಂಗಲು ಅವಕಾಶವಿಲ್ಲ, ಬಂದರೆ ಹಿಡಿದು ಗವರ್ನರನಿಗೆ ಒಪ್ಪಿಸಬೇಕು. ಇಬ್ನ್ ಬತೂತಾ ಕಂಡ ಹೊನ್ನಾವರಕ್ಕೆ ಎರಡು ಶತಮಾನಗಳಲ್ಲಿ ಬಂದ ಗತಿ ಇದು. ಒಪ್ಪಂದವನ್ನು ಮಾಡಿಕೊಂಡವರು ಇದನ್ನು ಮತದ್ವೇಷವೆಂದು ಕಂಡಿರಲಾರರು. ಅವರಿಗೆ ಬೇಕಿದ್ದುದು ಬಿಜಾಪುರದ ವಿರುದ್ಧ ಕುದುರೆ. ಬೆಲೆ ತೆತ್ತವರು ಮಾತ್ರ ಆ ಮಾತುಕತೆಯಲ್ಲಿ ಇರಲಿಲ್ಲ.

ಘಟ್ಟದ ಮೆಣಸಿನ ಒಡತಿಯಾಗಿ ಗೇರುಸೊಪ್ಪೆಯಿಂದ ದೀರ್ಘಕಾಲ ಆಳಿದ ರಾಣಿ ಚೆನ್ನಭೈರಾದೇವಿಯನ್ನು ಪೋರ್ಚುಗೀಸರು ‘ಮೆಣಸಿನ ರಾಣಿ’ ಎಂದರು. ಹೊಗಳಿಕೆಯೊಳಗೆ ಹಸಿವೂ ಇತ್ತು. ಜೈನ ಧರ್ಮದ ಈ ರಾಣಿ ಅವರೊಡನೆ ಕೆಲವೊಮ್ಮೆ ಹೋರಾಡಿದಳು, ಕೆಲವೊಮ್ಮೆ ವ್ಯಾಪಾರ ಮಾಡಿದಳು. 1569ರ ಸುಮಾರಿಗೆ ಹೊನ್ನಾವರದ ಕೋಟೆ ಪೋರ್ಚುಗೀಸರ ವಶವಾಯಿತು. ಅಂದಿನಿಂದ ಶರಾವತಿಯ ಬಾಯಿಯಲ್ಲಿ ಮೆಣಸಿಗೆ ಕಾವಲು ಬಿದ್ದಿತು.

ಇದೇ ಕಾಲದಲ್ಲಿ ಕಡಲಿನ ಕಾಗದ ಒಂದು ಧಾರ್ಮಿಕ ಪ್ರಶ್ನೆಯೂ ಆಯಿತು. ಪೊನ್ನಾನಿಯ ಶೈಖ್ ಝೈನುದ್ದೀನ್ ಮಖ್ದೂಮರು ಅರಬಿಯಲ್ಲಿ ಬರೆದು ಬಿಜಾಪುರದ ಅಲಿ ಆದಿಲ್ ಶಾಹನಿಗೆ ಅರ್ಪಿಸಿದ ‘ತುಹ್ಫತುಲ್ ಮುಜಾಹಿದೀನ್’ ಈ ಕಷ್ಟಗಳ ದಾಖಲೆ. ಮೊದಲು ಮೆಣಸು ಮತ್ತು ಶುಂಠಿ, ಬಳಿಕ ಲವಂಗ, ದಾಲ್ಚಿನ್ನಿ ಹೀಗೆ ಒಂದೊಂದೇ ಸರಕು ಮುಸ್ಲಿಮ್ ವರ್ತಕರ ಕೈತಪ್ಪಿತು. ಅರಬಿಸ್ತಾನಕ್ಕೆ ಹೋಗುವ ದಾರಿ ಮುಚ್ಚಿತು, ಹಜ್ಜ್ ದುಸ್ತರವಾಯಿತು ಎಂದು ಅವರು ನೋವಿನಿಂದ ಬರೆಯುತ್ತಾರೆ. ಮೊಘಲ್ ಅರಮನೆಗೂ ವಿನಾಯಿತಿ ಇರಲಿಲ್ಲ. ಅಕ್ಬರನ ಸೋದರತ್ತೆ ಗುಲ್‌ಬದನ್ ಬೇಗಮ್ ಹಜ್ಜ್‌ಗೆ ಹೊರಟಾಗ ಪೋರ್ಚುಗೀಸರ ರಹದಾರಿಗಾಗಿ ಸೂರತ್ತಿನಲ್ಲಿ ಸುಮಾರು ಒಂದು ವರ್ಷ ಕಾಯಬೇಕಾಯಿತು. ಮಖ್ದೂಮುಲ್ ಮುಲ್ಕ್ ಎಂಬ ಬಿರುದಿನ ಮುಲ್ಲಾ ಅಬ್ದುಲ್ಲಾ ಸುಲ್ತಾನ್‌ಪುರಿಯವರು ಹಜ್ಜ್ ಈಗ ಕಡ್ಡಾಯವಲ್ಲವೆಂದು ಫತ್ವಾ ಕೊಟ್ಟರೆಂದು ಇತಿಹಾಸಕಾರ ಬದಾಯೂನಿ ಹೇಳುತ್ತಾರೆ. ಭೂಮಾರ್ಗದಲ್ಲಿ ಇರಾನಿನ ಕಿರುಕುಳ, ಸಮುದ್ರಮಾರ್ಗದಲ್ಲಿ ಮರ್ಯಮ್ ಮತ್ತು ಈಸಾ(ಅ)ರ ಚಿತ್ರವಿರುವ ಫರಂಗಿಗಳ ಕಾಗದವನ್ನು ಹೊರಬೇಕಾದ ಅಪಮಾನ ಎಂಬುದು ಅವರ ಕಾರಣ. ಹಜ್ಜ್ ಸಾಮರ್ಥ್ಯವುಳ್ಳವರ ಮೇಲೆ ಮಾತ್ರ ಕಡ್ಡಾಯ, ದಾರಿಯ ಸುರಕ್ಷೆಯೂ ಆ ಸಾಮರ್ಥ್ಯದ ಭಾಗವೆಂದು ಫುಕಹಾಗಳು ಒಪ್ಪುತ್ತಾರೆ. ಆದರೆ ಕಾಗದದ ಮೇಲಿನ ಚಿತ್ರ ದಾರಿಯನ್ನು ಅಸುರಕ್ಷಿತಗೊಳಿಸುತ್ತದೆಯೇ? ನನಗೆ ಈ ಫತ್ವಾ ಬಲವಾದುದೆನಿಸುವುದಿಲ್ಲ. ಗುಲ್‌ಬದನ್ ಬೇಗಮ್ ಅದನ್ನು ಲೆಕ್ಕಿಸದೆ, ಕಾದು, ಕಾಗದ ಪಡೆದು, ಹಜ್ಜ್ ನಿರ್ವಹಿಸಿ ಬಂದರು.

ಕಾಗದವಿದ್ದರೂ ರಕ್ಷಣೆ ಖಚಿತವಿರಲಿಲ್ಲ. 1613ರಲ್ಲಿ ಜಹಾಂಗೀರನ ತಾಯಿಯ ‘ರಹೀಮಿ’ ಹಡಗನ್ನು ಕರ್ತಾಸ್ ಇದ್ದೂ ಪೋರ್ಚುಗೀಸರು ಹಿಡಿದೊಯ್ದರು. ಆ ದ್ರೋಹದ ಲಾಭ ಇಂಗ್ಲಿಷರಿಗೆ ಸಿಕ್ಕಿತು.

ಅಷ್ಟರಲ್ಲಿ ಯುರೋಪಿನೊಳಗೇ ಪೋರ್ಚುಗೀಸರ ವಾದಕ್ಕೆ ಎದುರಾಳಿ ಹುಟ್ಟಿದ್ದನು. 1603ರಲ್ಲಿ ಸಿಂಗಾಪುರದ ಬಳಿ ಡಚ್ಚರು ‘ಸಾಂತಾ ಕತಾರಿನಾ’ ಎಂಬ ಪೋರ್ಚುಗೀಸ್ ಹಡಗನ್ನು ದೋಚಿದರು. ಆ ದೋಚುವಿಕೆಯನ್ನು ನ್ಯಾಯವೆಂದು ತೋರಿಸುವ ಕೆಲಸ ಹ್ಯೂಗೋ ಗ್ರೋಷಿಯಸ್ ಎಂಬ ತರುಣ ವಕೀಲನಿಗೆ ಬಂತು. ಆ ಬರಹದ ಒಂದು ಅಧ್ಯಾಯ 1609ರಲ್ಲಿ ‘ಮಾರೆ ಲಿಬೆರುಂ’, ಅಂದರೆ ಮುಕ್ತ ಕಡಲು, ಎಂಬ ಹೆಸರಿನಿಂದ ಪ್ರಕಟವಾಯಿತು. ಕಡಲನ್ನು ಯಾರೂ ಸ್ವಂತ ಮಾಡಿಕೊಳ್ಳಲಾರರು. ಪೂರ್ವದ ಜನರಿಗೆ ತಮ್ಮದೇ ಅರಸರು, ತಮ್ಮದೇ ಕಾನೂನುಗಳಿವೆ. ಅವರ ಧರ್ಮ ಬೇರೆಯೆಂಬ ಕಾರಣಕ್ಕೆ ಅವರ ಹಕ್ಕು ಅಳಿಯುವುದಿಲ್ಲ. ಬಾರೋಸ್ ಕಟ್ಟಿದ ಗೋಡೆಗೆ ಇದು ನೇರ ಪೆಟ್ಟು. ಗ್ರೋಷಿಯಸ್‌ನ ಚಿಂತನೆಗೆ ಹಿಂದೂ ಮಹಾಸಾಗರದ ಬಂದರುಗಳ ರೂಢಿಯೇ ಒಂದು ಪ್ರೇರಣೆಯೆಂದು ಕಾನೂನು ಇತಿಹಾಸಕಾರ ಸಿ. ಎಚ್. ಅಲೆಕ್ಸಾಂಡ್ರೊವಿಚ್ ವಾದಿಸಿದರು. ಅದನ್ನು ಒಪ್ಪದವರೂ ಇದ್ದಾರೆ. ಪೋರ್ಚುಗಲ್ಲಿನ ಪರವಾಗಿ 1625ರಲ್ಲಿ ಸೆರಾಫಿಂ ದ ಫ್ರೈತಾಸ್ ಉತ್ತರ ಬರೆದನು, ಇಂಗ್ಲೆಂಡಿನ ಜಾನ್ ಸೆಲ್ಡನ್ 1635ರಲ್ಲಿ ‘ಮುಚ್ಚಿದ ಕಡಲು’ ಎಂಬ ಗ್ರಂಥ ಹೊರತಂದನು.

ತಮಾಷೆಯೆಂದರೆ, ಮೆಣಸು ಲವಂಗಗಳ ನಾಡಿಗೆ ಬಂದ ಮೇಲೆ ಡಚ್ಚರೇ ರಹದಾರಿ ಕೊಡಲು ಕುಳಿತರು. 1613ರಲ್ಲಿ ಲಂಡನ್ನಿನ ಮಾತುಕತೆಯಲ್ಲಿ ಇಂಗ್ಲಿಷರು ‘ಮಾರೆ ಲಿಬೆರುಂ’ನ ಮಾತುಗಳನ್ನೇ ಡಚ್ ನಿಯೋಗಕ್ಕೆ ಎತ್ತಿ ತೋರಿಸಿದರು. ನಿಯೋಗದಲ್ಲಿ ಗ್ರೋಷಿಯಸ್ ಸ್ವತಃ ಇದ್ದನು.

ಮುಂದಿನದು ವೇಗವಾಗಿ ಹೇಳಬಹುದಾದ ಕಥೆ. 1638ರಲ್ಲಿ ಕಾರವಾರದಲ್ಲಿ ಇಂಗ್ಲಿಷ್ ಕೋಠಿ ತೆರೆಯಿತು, ಸೋದೆ ಸೀಮೆಯ ಮೆಣಸು ಅದರ ಮುಖ್ಯ ಆಕರ್ಷಣೆ. ಟಿಪ್ಪು ಸುಲ್ತಾನನು ಮಸ್ಕತ್‌ನಲ್ಲಿ ಸ್ವಂತ ಕೋಠಿಯಿಟ್ಟು, ವ್ಯಾಪಾರಕ್ಕೆ ಲಿಖಿತ ನಿಯಮಾವಳಿ ಹೊರಡಿಸ�ಿ, 1796ರಲ್ಲಿ ಯೋಜಿಸಿದ ನೌಕಾಪಡೆಯ ಕೇಂದ್ರಗಳಲ್ಲಿ ಒಂದನ್ನು ಕಾರವಾರದ ಎದುರಿನ ಸದಾಶಿವಗಡದಲ್ಲಿ ಗೊತ್ತುಮಾಡಿದನು. ಮೂರು ವರ್ಷಗಳಲ್ಲಿ ಅದೆಲ್ಲ ಮುಗಿಯಿತು. 1856ರ ಪ್ಯಾರಿಸ್ ಘೋಷಣೆ ಸರಕಾರಿ ಪರವಾನಗಿಯ ಕಡಲ್ಗಳ್ಳತನವನ್ನು ರದ್ದುಪಡಿಸಿತು. ಅದೇ ವರ್ಷ ಭಾರತದಲ್ಲಿ ಹಡಗಿನ ಸರಕು ರಸೀದಿಯ ಕುರಿತ ಕಾಯಿದೆ ಬಂದಿತು. ಅಮೆರಿಕದ ಅಂತರ್ಯುದ್ಧದ ಕಾಲದಲ್ಲಿ ಧಾರವಾಡದ ಹತ್ತಿ ಘಟ್ಟ ಇಳಿದು ‘ಕುಮಟಾ ಹತ್ತಿ’ಯೆಂಬ ಹೆಸರಿನಿಂದ ಇಂಗ್ಲೆಂಡಿಗೆ ಹೋದದ್ದು ಅಂಥ ರಸೀದಿಗಳ ಮೇಲೆಯೇ. ಆ ಹಳೆಯ ಕಾಯಿದೆಯ ಜಾಗಕ್ಕೆ ಹೊಸದು ಬಂದದ್ದು 2025ರಲ್ಲಿ.

ಕಡಲು ಯಾರದೆಂಬ ಪ್ರಶ್ನೆಗೆ ಇಂದಿನ ಉತ್ತರ 1982ರ ವಿಶ್ವಸಂಸ್ಥೆಯ ಸಮುದ್ರ ಕಾನೂನು ಒಪ್ಪಂದದಲ್ಲಿದೆ. ತೀರದಿಂದ 12 ನಾವಿಕ ಮೈಲಿಗಳವರೆಗೆ ದೇಶದ ಸಾರ್ವಭೌಮತ್ವ, ಅಲ್ಲಿಯೂ ಪರದೇಶದ ಹಡಗಿಗೆ ನಿರಪಾಯಕರ ಸಂಚಾರದ ಹಕ್ಕು. 200 ಮೈಲಿಗಳವರೆಗೆ ಮೀನು ಖನಿಜಗಳ ಮೇಲೆ ತೀರದ ದೇಶದ ಹಕ್ಕು. ಅದರಾಚೆಯ ಕಡಲು ಎಲ್ಲರದು. ಭಾರತ ಇದನ್ನು 1995ರಲ್ಲಿ ಅಂಗೀಕರಿಸಿತು. ಒಡೆದ ಹಡಗಿನ ವಿಷಯದಲ್ಲಿ ಸ್ವತಂತ್ರ ಭಾರತದ 1958ರ ಕಾಯಿದೆ, ಮಾಲೀಕನು ಒಂದು ವರ್ಷದೊಳಗೆ ಬಂದು ತನ್ನ ಸರಕನ್ನು ಕೇಳಬಹುದೆಂದಿತು. ಮೋಟುಪಲ್ಲಿಯ ಅಭಯ ಹೀಗೆ ಕಾಯಿದೆಯ ಕಲಮಾಯಿತು.

ನಮ್ಮ ಜಿಲ್ಲೆಯ ಕುಟುಂಬಗಳಿಗೆ ಇನ್ನೂ ಹತ್ತಿರದ ಕಾನೂನೊಂದಿದೆ. ಹಡಗಿನ ಮೇಲಿನ ಮೊಕದ್ದಮೆಗಳನ್ನು ಹಿಂದೆ ಬ್ರಿಟಿಷರ ಕಾಲದ ಕಾಯಿದೆಗಳಂತೆ ಮುಂಬಯಿ, ಕಲಕತ್ತ, ಮದ್ರಾಸುಗಳ ಉಚ್ಚ ನ್ಯಾಯಾಲಯಗಳು ನಡೆಸುತ್ತಿದ್ದವು. 2017ರ ನೌಕಾ ವ್ಯಾಜ್ಯ ಕಾಯಿದೆ ಕರ್ನಾಟಕ ಉಚ್ಚ ನ್ಯಾಯಾಲಯಕ್ಕೂ ಆ ಅಧಿಕಾರವನ್ನು ಸ್ಪಷ್ಟವಾಗಿ ಕೊಟ್ಟಿತು, 2018ರ ಏಪ್ರಿಲ್ 1ರಿಂದ ಅದು ಜಾರಿಯಲ್ಲಿದೆ. ಕೊಲ್ಲಿಯ ಹಡಗುಗಳಲ್ಲಿ ದುಡಿಯುವ ಯುವಕರ ಪಾಲಿಗೆ ದೊಡ್ಡ ಭಯವೆಂದರೆ, ನಷ್ಟಕ್ಕೊಳಗಾದ ಮಾಲೀಕನು ಹಡಗನ್ನೂ ಸಿಬ್ಬಂದಿಯನ್ನೂ ಯಾವುದೋ ಬಂದರಿನಲ್ಲಿ ಬಿಟ್ಟು ಕಣ್ಮರೆಯಾಗುವುದು. ಸಂಬಳವಿಲ್ಲ, ಊಟವಿಲ್ಲ, ಇಳಿದು ಹೋಗಲು ಅನುಮತಿಯೂ ಇಲ್ಲ. ಭಾರತ 2015ರಲ್ಲಿ ಅಂಗೀಕರಿಸಿದ ನಾವಿಕ ಕಾರ್ಮಿಕರ ಒಪ್ಪಂದಕ್ಕೆ ಸೇರಿಸಿದ ತಿದ್ದುಪಡಿಯಂತೆ, 2017ರಿಂದ ಪ್ರತಿ ಹಡಗಿನ ಮಾಲೀಕನು ಇಂಥ ಸಂದರ್ಭಕ್ಕೆಂದು ನಾಲ್ಕು ತಿಂಗಳ ಸಂಬಳದವರೆಗೆ ಮತ್ತು ಊರಿಗೆ ಮರಳುವ ವೆಚ್ಚಕ್ಕೆ ಹಣದ ಭದ್ರತೆ ಇಟ್ಟಿರಬೇಕು. ಅದರ ಪ್ರಮಾಣಪತ್ರವನ್ನು ಹಡಗಿನಲ್ಲಿ ಎಲ್ಲರಿಗೂ ಕಾಣುವಂತೆ ಹಾಕಿರಬೇಕು. ಕೆಲಸಕ್ಕೆ ಹತ್ತುವಾಗ ಅದು ಇದೆಯೇ ಎಂದು ನೋಡಿಕೊಳ್ಳುವುದು ನಾವಿಕನ ಹಕ್ಕು. ಅದೂ ಸಾಲದೆ ಹಡಗನ್ನೇ ನ್ಯಾಯಾಲಯ ಬಂಧಿಸಿ ಹರಾಜಿಗಿಟ್ಟಾಗ, 2017ರ ಕಾಯಿದೆ ಹಡಗಿನ ಮೇಲಿನ ಋಣಗಳಿಗೆ ಒಂದು ಸರದಿ ಹಾಕಿದೆ. ಬಂದರಿನ ಶುಲ್ಕ, ಹಡಗನ್ನು ಅಪಾಯದಿಂದ ಪಾರುಮಾಡಿದವರ ಪ್ರತಿಫಲ ಎಲ್ಲವೂ ಆ ಸರದಿಯಲ್ಲಿ ಹಿಂದೆ ನಿಲ್ಲುತ್ತವೆ. ಮೊದಲಿನದು ನಾಖುದಾನಿಂದ ಖಲಾಸಿಯವರೆಗೆ ದುಡಿದವರ ಬಾಕಿ ಸಂಬಳ.